ಕಂಡವರು ಯಾರು, ಹಿಡಿದವರು ಯಾರು

ಆಂಡ್ರೊಮೀಡ ಗೆಲಾಕ್ಸಿಯನ್ನು ಕಂಡುಹಿಡಿದವರು ಯಾರು? ರಸಪ್ರಶ್ನೆಗೆ ಒಂದು ಹೆಸರು, ಒಂದು ಇಸವಿ ಸಾಕು. ಒಬ್ಬರು ಅಲ್-ಸೂಫಿ ಎನ್ನುತ್ತಾರೆ, ಇನ್ನೊಬ್ಬರು ಮೆಸಿಯೇ, ಮತ್ತೊಬ್ಬರು ಹಬಲ್. ಇಷ್ಟರಲ್ಲಿ ಸಭೆಯ ಹಿಂದಿನ ಸಾಲಿನಿಂದ ಯಾರೋ ಎದ್ದು, ಇದೆಲ್ಲ ನಮ್ಮ ಋಷಿಗಳಿಗೆ ಮೊದಲೇ ಗೊತ್ತಿತ್ತು ಎನ್ನುತ್ತಾರೆ. ಮೊದಲ ಮೂವರು ಒಂದೊಂದು ಪಾಲು ಸರಿ. ನಾಲ್ಕನೆಯವರು ಸರಿಯಲ್ಲ. ಆದರೆ ನಾಲ್ವರೂ ಒಪ್ಪಿಕೊಂಡಿರುವ ಒಂದು ನಂಬಿಕೆ ಇದೆಯಲ್ಲ, ಆಕಾಶದ ಒಂದು ವಸ್ತುವಿಗೆ ಒಬ್ಬನೇ ಮಾಲೀಕ ಇರುತ್ತಾನೆ ಎಂಬುದು, ಜಗಳ ಇರುವುದು ಅದರ ಜೊತೆ.

ಕನ್ನಡದ ಕ್ರಿಯಾಪದವೇ ಇಲ್ಲಿ ಹೆಚ್ಚು ಪ್ರಾಮಾಣಿಕ. ಕಂಡು, ಹಿಡಿ. ಎರಡು ಕೆಲಸಗಳು. ಕಂಡರೆ ಸಾಲದು, ಕಂಡದ್ದನ್ನು ಇನ್ನೊಬ್ಬರ ಕೈಗೆ ದಾಟಿಸುವ ಹಾಗೆ ಹಿಡಿಯಬೇಕು: ಎಲ್ಲಿದೆ ಎಂದು ಬರೆಯಬೇಕು, ಪಕ್ಕದ್ದಕ್ಕಿಂತ ಹೇಗೆ ಬೇರೆ ಎಂದು ಹೇಳಬೇಕು, ಎಷ್ಟು ದೂರ ಎಂದು ಅಳೆಯಬೇಕು. ಪರ್ಷಿಯಾದ ಅಲ್-ಸೂಫಿ 964ರ ಸುಮಾರಿಗೆ ತನ್ನ ನಕ್ಷತ್ರಗ್ರಂಥದಲ್ಲಿ ಆ ಮಬ್ಬನ್ನು ಚಿಕ್ಕ ಮೋಡವೆಂದು ಗುರುತು ಹಾಕಿದ. ಬರಿಗಣ್ಣಿಗೆ ಸಿಗುವ ಮಬ್ಬು ಅದು, ಅವನಿಗಿಂತ ಮೊದಲು ಲಕ್ಷಾಂತರ ಕುರುಬರು, ನಾವಿಕರು ಕಂಡಿರಲೇಬೇಕು; ಹಿಡಿದದ್ದು ಅವನು. 1612ರಲ್ಲಿ ಜರ್ಮನಿಯ ಸೈಮನ್ ಮಾರಿಯಸ್ ಅದರತ್ತ ದೂರದರ್ಶಕ ತಿರುಗಿಸಿದ. 1764ರಲ್ಲಿ ಮೆಸಿಯೇ ಅದಕ್ಕೆ 31 ಎಂಬ ಸಂಖ್ಯೆ ಕೊಟ್ಟ, ಮತ್ತು ಶ್ರೇಯಸ್ಸನ್ನು ಮಾರಿಯಸ್‌ನ ಹೆಸರಿಗೇ ಬರೆದ. ಹಾರ್ವರ್ಡ್ ವೀಕ್ಷಣಾಲಯದಲ್ಲಿ ಹೆನ್ರಿಯೆಟಾ ಲೆವಿಟ್ ಗಾಜಿನ ಫಲಕಗಳನ್ನು ನೋಡಿ ನೋಡಿ, ಸೆಫೀಡ್ ಎಂಬ ಮಿಡಿಯುವ ನಕ್ಷತ್ರಗಳ ಮಿಡಿತದ ಅವಧಿಗೂ ಅವುಗಳ ನಿಜವಾದ ಪ್ರಕಾಶಕ್ಕೂ ಸಂಬಂಧವಿದೆ ಎಂದು ತೋರಿಸಿದಳು. ಆ 1912ರ ವರದಿಯ ಕೆಳಗೆ ಸಹಿ ಇದ್ದದ್ದು ನಿರ್ದೇಶಕ ಪಿಕರಿಂಗ್‌ದು. 1923ರ ಅಕ್ಟೋಬರ್‌ನಲ್ಲಿ ಹಬಲ್ ಮೌಂಟ್ ವಿಲ್ಸನ್ನಿನ 100 ಅಂಗುಲದ ದೂರದರ್ಶಕದಲ್ಲಿ ಆಂಡ್ರೊಮೀಡದೊಳಗೆ ಅಂಥದ್ದೊಂದು ಸೆಫೀಡ್ ಕಂಡ. ಮಿಡಿತ ಎಣಿಸಿದ, ಲೆವಿಟ್‌ಳ ನಿಯಮ ಹಾಕಿದ, ದೂರ ಬಂತು: ಸುಮಾರು 9 ಲಕ್ಷ ಜ್ಯೋತಿರ್ವರ್ಷ. ಅದೂ ತಪ್ಪು ಅಂಕಿಯೇ. ಇಂದಿನ ಲೆಕ್ಕ ಸುಮಾರು 25 ಲಕ್ಷ. ಆದರೂ ಆ ಮಬ್ಬು ನಮ್ಮ ಆಕಾಶಗಂಗೆಯ ಹೊರಗಿನ ಇನ್ನೊಂದು ಗೆಲಾಕ್ಸಿ ಎಂದು ತೀರ್ಮಾನವಾಗಲು ಅಷ್ಟು ಸಾಕಾಯಿತು.

ಈಗ ಆ ನಾಲ್ಕನೆಯವರ ಮಾತು. ಅವರ ಬಳಿ ಒಂದು ನಿಜವಾದ ಆಸ್ತಿ ಇದೆ, ದುರದೃಷ್ಟಕ್ಕೆ ಅದನ್ನು ಬಿಟ್ಟು ಇಲ್ಲದ್ದಕ್ಕೆ ಕೈಚಾಚುತ್ತಾರೆ. ಕೃತ್ತಿಕೆ. ಹಳೆಯ ನಕ್ಷತ್ರಪಟ್ಟಿಗಳು ಶುರುವಾಗುವುದೇ ಅಲ್ಲಿಂದ. ಕೃತ್ತಿಕೆಗಳು ಪೂರ್ವದಿಕ್ಕಿನಿಂದ ಕದಲುವುದಿಲ್ಲ ಎಂದು ಶತಪಥ ಬ್ರಾಹ್ಮಣ ದಾಖಲಿಸುತ್ತದೆ. ಅದು ನೋಟವಷ್ಟೇ ಅಲ್ಲ, ಹಿಡಿತ. ಕೃತ್ತಿಕಾ ಮಳೆ ಎಂದು ಲೆಕ್ಕ ಇಟ್ಟುಕೊಂಡು ಬಿತ್ತನೆಗೆ ಅಣಿಯಾಗುವ ರೈತನದ್ದೂ ಹಿಡಿತವೇ. ಮೆಸಿಯೇಯ 1774ರ ಮೊದಲ ಪಟ್ಟಿಯ ಕೊನೆಯ, 45ನೆಯ ವಸ್ತು ಇದೇ ಕೃತ್ತಿಕೆ! ಲೋಕವೆಲ್ಲ ಬಲ್ಲ ಗುಂಪನ್ನು ಅವನು ಪಟ್ಟಿಗೆ ಸೇರಿಸಿಕೊಂಡದ್ದಕ್ಕೆ ಕಂಡುಹಿಡಿದವ ಎಂದು ಕರೆಯುವುದು, ಊರಿನ ಮನೆಗೆ ನಂಬರು ಹಾಕಿದ ಗುಮಾಸ್ತನನ್ನು ಮನೆ ಕಟ್ಟಿದವನೆಂದ ಹಾಗೆ. ಆದರೆ ಆ ಆರೇಳು ಚುಕ್ಕಿಗಳ ಹಿಂದೆ ಸಾವಿರಕ್ಕೂ ಹೆಚ್ಚು ನಕ್ಷತ್ರಗಳಿವೆ, ಅವು ಒಟ್ಟಿಗೇ ಹುಟ್ಟಿದವು, ವಯಸ್ಸು ಸುಮಾರು 10 ಕೋಟಿ ವರ್ಷ, ದೂರ ಸುಮಾರು 440 ಜ್ಯೋತಿರ್ವರ್ಷ ಎಂಬುದು ಯಾವ ಬ್ರಾಹ್ಮಣದಲ್ಲೂ ಇಲ್ಲ. 1610ರಲ್ಲಿ ಗೆಲಿಲಿಯೋ ಅಲ್ಲಿ 36 ನಕ್ಷತ್ರಗಳ ಚಿತ್ರ ಬರೆಯುವವರೆಗೆ ಹಿಂದೆ ಇನ್ನೇನಿದೆ ಎಂದು ಯಾರಿಗೂ ಗೊತ್ತಿರಲಿಲ್ಲ.

ಪುರಾಣದ ಹೆಸರಿದೆ, ಆದ್ದರಿಂದ ಪುರಾಣಕಾಲದಿಂದ ಗೊತ್ತಿತ್ತು ಎಂಬ ವಾದಕ್ಕಂತೂ ಮುಂಬಯಿಯಲ್ಲೇ ಉತ್ತರವಿದೆ. ವರ್ಲಿಯ ನೆಹರೂ ತಾರಾಲಯ 1977ರಲ್ಲಿ ತೆರೆಯಿತು. ಪ್ರದರ್ಶನಗಳು ನಡೆದುಬಂದದ್ದು ಹಿಂದಿ, ಮರಾಠಿ, ಇಂಗ್ಲಿಷಿನಲ್ಲಿ. ಮರಾಠಿಯಲ್ಲಿ ಆಂಡ್ರೊಮೀಡಕ್ಕೆ ದೇವಯಾನಿ, ಕ್ಯಾಸಿಯೋಪಿಯಕ್ಕೆ ಶರ್ಮಿಷ್ಠೆ, ಪರ್ಸಿಯಸ್‌ಗೆ ಯಯಾತಿ. ಅದೇ ಮಗು ಮನೆಗೆ ಬಂದು ಕನ್ನಡ ಪುಸ್ತಕ ತೆರೆದರೆ ಅವೇ ನಕ್ಷತ್ರಗಳು ದ್ರೌಪದಿ, ಕುಂತಿ, ಪಾರ್ಥ. ಋಷಿಗಳು ಇಟ್ಟ ಹೆಸರಾಗಿದ್ದರೆ ಪಶ್ಚಿಮ ಘಟ್ಟ ದಾಟುವಷ್ಟರಲ್ಲಿ ಯಯಾತಿಯ ಹೆಂಡತಿ ಪಾಂಡವರ ಮನೆ ಸೇರುತ್ತಿರಲಿಲ್ಲ. ಇವು ಭಾಷಾಂತರಕಾರರ ಹೆಸರುಗಳು. ಗ್ರೀಕ್ ಕಥೆಯ ಒಂದು ಕುಟುಂಬಕ್ಕೆ ಮರಾಠಿಯವರು ಒಂದು ಕುಟುಂಬ ಹುಡುಕಿದರು, ಕನ್ನಡದವರು ಇನ್ನೊಂದು. ಚೆಂದದ ಕೆಲಸವೇ. ಪುರಾತನ ಜ್ಞಾನಕ್ಕೆ ಸಾಕ್ಷಿ ಮಾತ್ರ ಅಲ್ಲ.

ಇತ್ತ ಮೆಸಿಯೇಯ ಪಟ್ಟಿಯನ್ನೇ ವೇದವಾಕ್ಯ ಮಾಡಿಕೊಂಡವರಿಗೂ ಹೇಳಬೇಕಾದ್ದಿದೆ. ಮೆಸಿಯೇ ಧೂಮಕೇತು ಬೇಟೆಗಾರ. ಧೂಮಕೇತುವಿನಂತೆ ಕಂಡು ಮೋಸಮಾಡುವ ಮಬ್ಬುಗಳು ಯಾವುವು ಎಂದು ಮಾಡಿಕೊಂಡ ಪಟ್ಟಿ ಅದು, ಅಂದರೆ ನೋಡಬೇಡಿ ಎಂಬ ಪಟ್ಟಿ. ಮೊದಲ ನಮೂದಾದ ಏಡಿ ನೀಹಾರಿಕೆಯೂ ಅವನದಲ್ಲ; 1758ರಲ್ಲಿ ಅವನಿಗೆ ಸಿಗುವ ಮೊದಲು, 1731ರಲ್ಲಿ, ಇಂಗ್ಲೆಂಡಿನ ಜಾನ್ ಬೆವಿಸ್ ಕಂಡಿದ್ದ. ಅದಕ್ಕೂ ಮೊದಲು 1054ರಲ್ಲಿ ಆ ನಕ್ಷತ್ರ ಸಿಡಿದದ್ದನ್ನು ಚೀನಾದ ಆಸ್ಥಾನ ಖಗೋಲಜ್ಞರು ತಾರೀಖು ಸಮೇತ ಬರೆದಿಟ್ಟಿದ್ದರು. 1968ರಲ್ಲಿ ಅದರ ನಡುವೆ ಸೆಕೆಂಡಿಗೆ ಸುಮಾರು 30 ಸಲ ತಿರುಗುವ ಪಲ್ಸಾರ್ ಸಿಕ್ಕಿತು.

ಅದಕ್ಕಿಂತ ಮುಖ್ಯವಾಗಿ, ಆ ಪಟ್ಟಿ ಪ್ಯಾರಿಸ್ಸಿನ ಆಕಾಶದ ಪಟ್ಟಿ. ಆಕಾಶದ ಅತಿ ದೊಡ್ಡ, ಅತಿ ಪ್ರಕಾಶದ ಗೋಳಾಕಾರದ ನಕ್ಷತ್ರಗುಚ್ಛ ಒಮೇಗಾ ಸೆಂಟಾರಿ. ಸುಮಾರು ಒಂದು ಕೋಟಿ ನಕ್ಷತ್ರಗಳು, 17 ಸಾವಿರ ಜ್ಯೋತಿರ್ವರ್ಷ ದೂರ. ಟಾಲೆಮಿ ಅದನ್ನು ಒಂದೇ ನಕ್ಷತ್ರವೆಂದು ಬರೆದ. 1677ರಲ್ಲಿ ಸೇಂಟ್ ಹೆಲೆನಾ ದ್ವೀಪದಿಂದ ಹ್ಯಾಲಿ ಅದು ಮಬ್ಬು ಎಂದು ಗುರುತಿಸಿದ. ಮೆಸಿಯೇಯ ಪಟ್ಟಿಯಲ್ಲಿ ಅದು ಇಲ್ಲ, ಏಕೆಂದರೆ ಪ್ಯಾರಿಸ್ಸಿನಲ್ಲಿ ಅದು ಹುಟ್ಟುವುದೇ ಇಲ್ಲ. ಮುಂಬಯಿಯಲ್ಲಿ ಮೇ ತಿಂಗಳ ನಡುವೆ ರಾತ್ರಿ ಹತ್ತರ ಹೊತ್ತಿಗೆ ನೇರ ದಕ್ಷಿಣದಲ್ಲಿ, ದಿಗಂತದಿಂದ ಸುಮಾರು 23 ಡಿಗ್ರಿ ಮೇಲೆ ನಿಂತಿರುತ್ತದೆ. ದಾದರಿನ ದೀಪಗಳ ನಡುವೆ ಬರಿಗಣ್ಣಿಗೆ ಸಿಕ್ಕುವುದಿಲ್ಲ, ನಿಜ. ವಾಂಗಣಿಯಂಥ ಕಡೆ ಹೋಗಬೇಕು, ಬೈನಾಕ್ಯುಲರ್ ಬೇಕು. ಆದರೆ ಅದು ಈ ಊರಿನ ಆಕಾಶದ್ದು. 110 ವಸ್ತುಗಳ ಪಟ್ಟಿ ಬಾಯಿಪಾಠ ಮಾಡಿದ ಹುಡುಗನಿಗೆ ಅದರ ಹೆಸರು ಗೊತ್ತಿಲ್ಲದಿದ್ದರೆ ಅವನಿಗೆ ಕಲಿಸಿದ್ದು ಪ್ಯಾರಿಸ್ಸಿನ ಭೂಗೋಲ.

ಹಾಗಾದರೆ ಇಲ್ಲಿಯವರು ಏನೂ ಹಿಡಿಯಲಿಲ್ಲವೇ? ಮುಂಬಯಿಯ ಎಲ್ಫಿನ್‌ಸ್ಟನ್ ಕಾಲೇಜಿನಲ್ಲಿ ಪಾಠ ಹೇಳಿ ಪುಣೆಗೆ ಹೋದ ಪಾರ್ಸಿ ಅಧ್ಯಾಪಕ ಕಾವಸ್‌ಜಿ ದಾದಾಭಾಯಿ ನೈಗಾಂವಾಲಾ, ಭಾವನಗರದ ಮಹಾರಾಜರ ನೆರವಿನಿಂದ ಅಲ್ಲೊಂದು ವೀಕ್ಷಣಾಲಯ ಕಟ್ಟಿದರು. 20 ಅಂಗುಲದ ಆ ದೂರದರ್ಶಕ ಆಗ ದೇಶದಲ್ಲೇ ದೊಡ್ಡದು. ಒರಾಯನ್ ನೀಹಾರಿಕೆಯ ಬೆಳಕಿನಲ್ಲಿ ಕಾಣುವ ಹಸಿರು ಗೆರೆ ಯಾವ ಧಾತುವಿನದು ಎಂದು ಲಂಡನ್ನಿನಲ್ಲಿ ದೊಡ್ಡ ಜಗಳ ನಡೆದಿತ್ತು. ಮೆಗ್ನೀಸಿಯಂ ಎಂದು ಲಾಕಿಯರ್, ಅಲ್ಲ ಎಂದು ಹಗಿನ್ಸ್. 1890ರ ದಶಕದ ಆರಂಭದಲ್ಲಿ ನೈಗಾಂವಾಲಾ ಆ ಗೆರೆ ಚೂಪಾಗಿಯೇ ಇದೆ, ಮೆಗ್ನೀಸಿಯಂ ಪಟ್ಟಿಯಂತೆ ಮಸುಕಾಗಿಲ್ಲ ಎಂದು ವರದಿ ಮಾಡಿದರು. ಕೊನೆಗೆ 1927ರಲ್ಲಿ ಬೋವೆನ್ ಅದು ಎರಡು ಎಲೆಕ್ಟ್ರಾನು ಕಳೆದುಕೊಂಡ ಆಮ್ಲಜನಕದ್ದು ಎಂದು ಬಿಡಿಸಿದ. ನೈಗಾಂವಾಲಾ ಒರಾಯನ್ ನೀಹಾರಿಕೆಯನ್ನು ಕಂಡುಹಿಡಿಯಲಿಲ್ಲ. ಅದರ ಮೇಲಿನ ಒಂದು ತಪ್ಪು ಹಿಡಿತವನ್ನು ಬಿಡಿಸಿದರು. ಒಂದೇ ಹೆಸರಿಗೆ ಜಾಗವಿರುವ ಉತ್ತರದಲ್ಲಿ ಅವರಿಗೆ ಜಾಗವಿಲ್ಲ, ಅದಕ್ಕೇ ಆ ಹೆಸರು ಈ ಊರಿನಲ್ಲೇ ಅಪರಿಚಿತ.

ಇವತ್ತಿಗೂ ಇದೇ ಕಥೆ. ಕಲೀನಾದ ವಿದ್ಯಾನಗರಿ ಆವರಣದಲ್ಲಿ, ಮುಂಬಯಿ ವಿಶ್ವವಿದ್ಯಾಲಯ ಮತ್ತು ಅಣುಶಕ್ತಿ ಇಲಾಖೆ ಸೇರಿ ನಡೆಸುವ ಮೂಲವಿಜ್ಞಾನ ಕೇಂದ್ರದಲ್ಲಿ ಆನಂದ ಹೋಟಾ 2013ರಿಂದ ಒಂದು ಬಳಗ ಕಟ್ಟಿದ್ದಾರೆ. ವೃತ್ತಿಯಿಂದ ಖಗೋಲಜ್ಞರಲ್ಲದವರಿಗೂ ರೇಡಿಯೋ ಚಿತ್ರ ಓದುವುದನ್ನು ಕಲಿಸುತ್ತಾರೆ. ನಾರಾಯಣಗಾಂವ್ ಬಳಿಯ ದೈತ್ಯ ರೇಡಿಯೋ ದೂರದರ್ಶಕದ 30 ತಟ್ಟೆಗಳು ಈ ಕಥೆಯಲ್ಲಿ ಬರುತ್ತವೆ. 2022ರಲ್ಲಿ ಈ ಬಳಗ, ಒಂದು ಗೆಲಾಕ್ಸಿಯ ಕಪ್ಪುಕುಳಿಯಿಂದ ಹೊರಟ ಕಾರಂಜಿ ನೆರೆಯ ಗೆಲಾಕ್ಸಿಗೆ ಬಡಿಯುವ ದೃಶ್ಯ ಪ್ರಕಟಿಸಿತು. 2025ರ ಅಕ್ಟೋಬರ್‌ನಲ್ಲಿ ಯೂರೋಪಿನ ಲೋಫಾರ್ ದೂರದರ್ಶಕದ ದತ್ತಾಂಶದಲ್ಲಿ, ಒಂದನ್ನೊಂದು ಹಾಯುವ ಎರಡು ರೇಡಿಯೋ ಉಂಗುರಗಳು. ಅಲ್ಲಿಂದ ಬೆಳಕು ಹೊರಟು 700 ಕೋಟಿ ವರ್ಷಗಳ ಮೇಲಾಗಿದೆ.

ಅದೇ ಆವರಣದಲ್ಲಿ, ರಾನಡೆ ಭವನದಲ್ಲಿ, ವಿಶ್ವವಿದ್ಯಾಲಯದ ಕನ್ನಡ ವಿಭಾಗವಿದೆ. ಎರಡರ ನಡುವೆ ಕೆಲವು ನಿಮಿಷದ ನಡಿಗೆ. ಆ ಉಂಗುರಗಳನ್ನು ಕನ್ನಡದಲ್ಲಿ ಏನೆಂದು ಕರೆಯಬೇಕು? ನಕ್ಷತ್ರಪುಂಜ ಎಂಬ ಒಂದೇ ಪದವನ್ನು ಒಬ್ಬರು ರಾಶಿಚಿತ್ರಕ್ಕೆ, ಇನ್ನೊಬ್ಬರು ಗುಚ್ಛಕ್ಕೆ, ಮತ್ತೊಬ್ಬರು ಗೆಲಾಕ್ಸಿಗೆ ಬಳಸುವ ಗೊಂದಲ ಹಾಗೇ ಇರುವಾಗ ಇದು ಸಣ್ಣ ಪ್ರಶ್ನೆಯಲ್ಲ. ನೀಹಾರಿಕೆ ಎಂದರೆ ಮಂಜು. 1925ಕ್ಕೆ ಮೊದಲು ಆಂಡ್ರೊಮೀಡವೂ ಮಂಜೇ ಆಗಿತ್ತು, ಆಮೇಲೆ ಅಲ್ಲ ಎಂಬ ವ್ಯತ್ಯಾಸ ಪದದಲ್ಲಿ ಉಳಿಯಬೇಕಾದರೆ ಯಾರಾದರೂ ಕೂತು ತೀರ್ಮಾನಿಸಬೇಕು. ವಿಜ್ಞಾನಿಯ ಮುಂದೆ ಕೂತು ಕೇಳಿ, ಹೆಸರಿಟ್ಟು, ಹತ್ತು ಜನರ ಬಾಯಲ್ಲಿ ಆಡಿಸಿ ನೋಡುವ ಕೆಲಸ ಅದು. ಮುಂಬಯಿಯಲ್ಲಿ ಕನ್ನಡ ಸಂಘಗಳಿಗೆ, ಸಭಾಗೃಹಗಳಿಗೆ, ಸನ್ಮಾನದ ಶಾಲುಗಳಿಗೆ ಕೊರತೆಯಿಲ್ಲ. ಮುಂದಿನ ರಸಪ್ರಶ್ನೆಯ ಬದಲು ಒಂದು ಸಂಜೆ ಕಲೀನಾದ ಆ ಎರಡು ಕಟ್ಟಡಗಳವರನ್ನು ಒಂದೇ ಮೇಜಿಗೆ ಕರೆಯಲಿ. ಮೊದಲ ಪದ ಆ ಜೋಡಿ ಉಂಗುರಗಳದ್ದೇ ಆಗಲಿ.