ಆ ಟ್ಯೂನು ಯಾರದು ಸ್ವಾಮೀ?

ಮೊನ್ನೆ ಬಸ್ ಸ್ಟ್ಯಾಂಡಿನ ಟೀ ಅಂಗಡಿ ಮುಂದೆ ನಿಂತಿದ್ದೆ. ಪಕ್ಕದ ಹುಡುಗನ ಜೇಬಿನಲ್ಲಿ ಮೊಬೈಲು ಹೊಡಕೊಂಡಿತು. ಅದೇ ಜೇಮ್ಸ್ ಬಾಂಡ್ ಟ್ಯೂನು! "ಇದನ್ನ ಮಾಡಿದ್ದು ಜಾನ್ ಬ್ಯಾರಿ ಕಣೋ" ಅಂದ ಅವನು. "ಹೋಗಲೋ, ಟೈಟಲ್ಲಲ್ಲಿ ಬೇರೆ ಹೆಸರು ಬರತ್ತೆ" ಅಂದ ಜೊತೆಗಾರ. ಅಷ್ಟರಲ್ಲಿ ಬಸ್ಸು ಬಂತು, ಜಗಳವೂ ಅದನ್ನೇ ಹತ್ತಿ ಹೋಯಿತು. ತೀರ್ಪು ಹೇಳುವ ಕೆಲಸ ಮಾತ್ರ ನನ್ನ ತಲೆ ಮೇಲೆ ಬಿತ್ತು!

ಮಿತ್ರರೇ, ಇಬ್ಬರ ಮಾತಿನಲ್ಲೂ ನಿಜವಿದೆ. ಹೇಗೆ ಅಂತೀರಾ? ಕೇಳಿ.

ಜಾನ್ ಬ್ಯಾರಿ ಹುಟ್ಟಿದ್ದು 1933ರಲ್ಲಿ, ಇಂಗ್ಲೆಂಡಿನ ಯಾರ್ಕ್‌ನಲ್ಲಿ. ಅಪ್ಪನಿಗೆ ಹಲವು ಟಾಕೀಸುಗಳಿದ್ದವು. ಅಮ್ಮ ಪಿಯಾನೋ ನುಡಿಸುತ್ತಿದ್ದಳು. ಗೇಟ್‌ಕೀಪರನ ಕಣ್ಣು ತಪ್ಪಿಸಿ ಒಳಗೆ ನುಗ್ಗುವುದು ನಮ್ಮ ಪಾಡಾದರೆ, ಈ ಪುಣ್ಯಾತ್ಮನಿಗೆ ಪ್ರೊಜೆಕ್ಟರ್ ರೂಮೇ ಆಟದ ಮನೆ! ಸೈನ್ಯಕ್ಕೆ ಸೇರಿದಾಗ ಬ್ಯಾಂಡಿನಲ್ಲಿ ಟ್ರಂಪೆಟ್ ಊದಿದ. ಯಾವ ವಾದ್ಯಕ್ಕೆ ಯಾವ ಸ್ವರ ಹಂಚಬೇಕು ಎಂಬ ವಿದ್ಯೆಯನ್ನು ಅಮೆರಿಕದ ಬಿಲ್ ರುಸೋ ಎಂಬಾತನಿಂದ ಅಂಚೆಯಲ್ಲೇ ಪಾಠ ತರಿಸಿಕೊಂಡು ಕಲಿತ. ಪಿಯುಸಿ ಅರ್ಧಕ್ಕೆ ಬಿಟ್ಟ ನನ್ನಂಥವನಿಗೆ ಇದನ್ನು ಓದಿ ಎದೆ ಅರಳಿತು ನೋಡಿ! 1957ರಲ್ಲಿ 'ಜಾನ್ ಬ್ಯಾರಿ ಸೆವೆನ್' ಎಂಬ ಸ್ವಂತ ತಂಡ ಕಟ್ಟಿದ.

ಬಂತು 1962. ಮೊದಲ ಬಾಂಡ್ ಚಿತ್ರ 'ಡಾ. ನೋ'. ಸಂಗೀತ ಮಾಂಟಿ ನಾರ್ಮನ್‌ನದು. ಆತ ತನ್ನದೇ ಹಳೆಯ ಹಾಡೊಂದರ ಮಟ್ಟನ್ನು ಹೊರತೆಗೆದ. ಅದು ಯಾವುದು ಗೊತ್ತೇ? ವಿ.ಎಸ್. ನೈಪಾಲರ 'ಎ ಹೌಸ್ ಫಾರ್ ಮಿಸ್ಟರ್ ಬಿಸ್ವಾಸ್' ಕಾದಂಬರಿಯ ಮೇಲೆ ಮಾಡಹೊರಟು, ರಂಗಕ್ಕೇ ಬಾರದೆ ಹೋದ ಸಂಗೀತ ನಾಟಕದ್ದು. ಟ್ರಿನಿಡಾಡ್‌ನ ಭಾರತೀಯರ ಕಥೆ! ನಿರ್ಮಾಪಕರಿಗೆ ಅದರಲ್ಲಿ ಖದರು ಸಾಲಲಿಲ್ಲ. ಬ್ಯಾರಿಗೆ ಕರೆ ಹೋಯಿತು. ವಿಕ್ ಫ್ಲಿಕ್‌ನ ಗಿಟಾರು, ಅದರ ಹಿಂದೆ ಅಬ್ಬರಿಸುವ ಟ್ರಂಪೆಟ್ಟುಗಳು... ಮುಂದಿನದು ನಿಮಗೇ ಗೊತ್ತು. ಬ್ಯಾರಿಗೆ ಸಿಕ್ಕಿದ್ದು 250 ಪೌಂಡ್. ರಚನೆ ಎಂಬ ಹೆಸರು ನಾರ್ಮನ್‌ನದು.

ಟ್ಯೂನಿನ ನಿಜವಾದ ಒಡೆಯ ಬ್ಯಾರಿ ಎಂದು ಲಂಡನ್ನಿನ ಪತ್ರಿಕೆಯೊಂದು ಬರೆಯಿತು. ನಾರ್ಮನ್ ಕೋರ್ಟಿಗೆ ಹೋದ. ಬ್ಯಾರಿ ಪತ್ರಿಕೆಯ ಪರ ಸಾಕ್ಷಿ ಹೇಳಿದ. 2001ರಲ್ಲಿ ಗೆದ್ದದ್ದು ನಾರ್ಮನ್. 30,000 ಪೌಂಡ್ ಪರಿಹಾರ!

ನಾನೂ ಒಮ್ಮೆ ಒಬ್ಬರ ಕಚ್ಚಾ ಟಿಪ್ಪಣಿಯನ್ನು ತಿದ್ದಿ ತೀಡಿ ಲೇಖನ ಮಾಡಿಕೊಟ್ಟಿದ್ದೆ. ಅಚ್ಚಾದಾಗ ಹೆಸರು ಅವರದು, ಕೂಲಿ ನಂದು. ಅವತ್ತು ರಾತ್ರಿ ನಿದ್ದೆ ಹತ್ತಲಿಲ್ಲ. ಆಮೇಲೆ ಯೋಚಿಸಿದೆ... ಬೀಜ ಅವರದೇ ತಾನೆ? ಬೆಳೆ ತೆಗೆದವನು ನಾನಿರಬಹುದು. ಕೋರ್ಟು ಬೀಜ ಯಾರದು ಎಂದು ಕೇಳುತ್ತದೆ. ಕೇಳುಗನ ಕಿವಿ ಬೆಳೆಯನ್ನು ನೋಡುತ್ತದೆ. ಎರಡೂ ನ್ಯಾಯವೇ.

ಬ್ಯಾರಿ ಕೊರಗುತ್ತ ಕೂರಲಿಲ್ಲ ಎಂಬುದೇ ದೊಡ್ಡದು. 'ಗೋಲ್ಡ್‌ಫಿಂಗರ್' ಸೇರಿ 11 ಬಾಂಡ್ ಚಿತ್ರಗಳಿಗೆ ಸ್ವಂತ ಸಂಗೀತ ಕೊಟ್ಟ. 1983ರ 'ಆಕ್ಟೋಪಸಿ'ಗೂ ಈತನದೇ ಸಂಗೀತ. ಅದರಲ್ಲಿ ನಮ್ಮ ವಿಜಯ್ ಅಮೃತರಾಜ್ ಹಾವಾಡಿಗನ ವೇಷದಲ್ಲಿ ಪುಂಗಿ ಊದುವುದು ಅದೇ ಟ್ಯೂನನ್ನು! ಎಲ್ಲಿಂದ ಎಲ್ಲಿಗೆ ನೋಡಿ! 'ಬಾರ್ನ್ ಫ್ರೀ'ಗೆ ಎರಡು, ಒಟ್ಟು ಐದು ಆಸ್ಕರ್ ಗೆದ್ದ. ಬಾಂಡ್ ಚಿತ್ರಕ್ಕೆ ಒಂದೂ ಇಲ್ಲ. 1988ರಲ್ಲಿ ಅನ್ನನಾಳ ಒಡೆದು ಸಾವಿನ ಬಾಗಿಲು ತಟ್ಟಿ ಬಂದ. ಎದ್ದು ಬಂದು ಮಾಡಿದ 'ಡ್ಯಾನ್ಸಸ್ ವಿತ್ ವುಲ್ವ್ಸ್' (1990) ಐದನೇ ಆಸ್ಕರ್ ತಂದಿತು. ತೀರಿಕೊಂಡದ್ದು 2011ರ ಜನವರಿ 30ರಂದು.

ಅಣ್ಣಾವ್ರ ಬಾಂಡ್ ಚಿತ್ರ 'ಜೇಡರ ಬಲೆ'ಗೆ (1968) ಸಂಗೀತ ಕೊಟ್ಟ ಜಿ.ಕೆ. ವೆಂಕಟೇಶ್ ಗೊತ್ತಲ್ಲ? ಮುಂದೆ ಅವರ ಬಳಿ ಸಹಾಯಕರಾಗಿ ದುಡಿದವರೇ ಇಳಯರಾಜ! ಆದ್ದರಿಂದ ಟೈಟಲ್ ಓಡುವಾಗ ಪಾಪ್‌ಕಾರ್ನಿಗೆ ಏಳಬೇಡಿ. ಸಣ್ಣ ಅಕ್ಷರದ ಹೆಸರುಗಳನ್ನೂ ಓದಿ. ನಾಳೆಯ ದೊಡ್ಡ ಹೆಸರು ಅಲ್ಲೇ ಕೂತಿರಬಹುದು.

ಬರಲೇ? ಮುಂದಿನ ವಾರ ಸಿಗೋಣ.