ಕೋಲು ಕುದುರೆಯಾಗುವ ಹೊತ್ತು

ಅಂಗಳದಲ್ಲಿ ಮಗು ಕೋಲೊಂದನ್ನು ಕುದುರೆ ಮಾಡಿಕೊಂಡು ಓಡುತ್ತಿದ್ದರೆ ನೀವೇನು ಹೇಳುತ್ತೀರಿ? "ಸಾಕು ಆಟ, ಪುಸ್ತಕ ತೆಗೆ" ಎನ್ನುತ್ತೀರಲ್ಲವೇ? ನನ್ನ ಮಗನಿಗೆ ನಾನೂ ಹಾಗೆಯೇ ಗದರಿಸಿದ್ದೆ. ಅವನು ಕೋಲನ್ನು ಮೂಲೆಗಿಟ್ಟ, ಮತ್ತೆ ಮುಟ್ಟಲಿಲ್ಲ. ಅಧ್ಯಾಪಕನಾಗಿದ್ದೂ ಆ ಕೋಲಿನ ಬೆಲೆ ನನಗೆ ತಿಳಿದಿರಲಿಲ್ಲ.

ರಷ್ಯಾದ ಮನಶ್ಶಾಸ್ತ್ರಜ್ಞ ಲೆವ್ ವೈಗಾಟ್‌ಸ್ಕಿ 1933ರ ತಮ್ಮ ಉಪನ್ಯಾಸವೊಂದರಲ್ಲಿ ಇದೇ ಕೋಲುಕುದುರೆಯ ಉದಾಹರಣೆ ಕೊಟ್ಟಿದ್ದರು. ಎಳೆಯ ಮಗುವಿಗೆ ವಸ್ತುವೂ ಅದರ ಅರ್ಥವೂ ಒಂದೇ. ಕೋಲು ಕುದುರೆಯಾದಾಗ ಅವೆರಡೂ ಬೇರೆಯಾಗುತ್ತವೆ. ಕಣ್ಣೆದುರು ಇರುವುದು ಕೋಲು, ಮನಸ್ಸಿನಲ್ಲಿ ಓಡುವುದು ಕುದುರೆ. ಮುಂದೆ ಅಕ್ಷರ ಕಲಿಯಲು ಬೇಕಾದ ಶಕ್ತಿಯೂ ಇದೇ. 'ಮರ' ಎಂಬ ಎರಡಕ್ಷರದಲ್ಲಿ ಎಲೆಯೂ ಇಲ್ಲ, ಕೊಂಬೆಯೂ ಇಲ್ಲ. ಆದರೂ ಮಗು ಅಲ್ಲಿ ಮರವನ್ನು ಕಾಣಬೇಕು.

ಆಟದಲ್ಲಿ ಶಿಸ್ತೂ ಇದೆ. 'ತಾಯಿ'ಯಾದ ಹುಡುಗಿ ಬೊಂಬೆಗೆ ಉಣಿಸದೆ ತಾನು ಉಣ್ಣುವುದಿಲ್ಲ. 'ಅಂಗಡಿಯವ'ನಾದ ಹುಡುಗ ಮಾರಾಟದ ಮಿಠಾಯಿಯನ್ನು ಬಾಯಿಗೆ ಹಾಕಿಕೊಳ್ಳುವುದಿಲ್ಲ. ಬೆತ್ತ ಕಲಿಸಲಾಗದ ಸಂಯಮವಿದು.

ವಿಶ್ವಸಂಸ್ಥೆಯ 1989ರ ಮಕ್ಕಳ ಹಕ್ಕುಗಳ ಒಡಂಬಡಿಕೆಯ 31ನೆಯ ವಿಧಿ ಆಟವನ್ನು ಮಗುವಿನ ಹಕ್ಕೆಂದು ಸಾರಿದೆ. 1992ರಲ್ಲಿ ಭಾರತವೂ ಅದನ್ನು ಒಪ್ಪಿಕೊಂಡಿದೆ. ಆದರೆ ಮನೆಯಂಗಳದಲ್ಲಿ ಆ ಹಕ್ಕನ್ನು ಕೊಡುವವರೂ ಕಸಿಯುವವರೂ ನಾವೇ ತಾನೇ?

ದುಬಾರಿ ಆಟಿಕೆ ಬೇಡ. ರಟ್ಟಿನ ಪೆಟ್ಟಿಗೆ, ಹಳೆಯ ದುಪಟ್ಟಾ, ತೆಂಗಿನ ಗೆರಟೆ ಸಾಕು. ಇಂದು ಸಂಜೆ ಹೋಮ್‌ವರ್ಕ್ ಅರ್ಧ ಗಂಟೆ ಕಾಯಲಿ. ಕುದುರೆಗೆ ಬಾಯಾರಿದೆ ಎಂದು ಮಗು ಬಂದರೆ ನಗಬೇಡಿ. ಖಾಲಿ ಲೋಟವನ್ನೇ ಎತ್ತಿ ಕೊಡಿ.