ಜನರೇಟರ್ ಮನೆಗೋ, ಮೋಟಾರಿಗೋ?

ಜನರೇಟರ್ ಕೊಳ್ಳುವಾಗ ಅಳೆಯಬೇಕಾದದ್ದು ಮನೆಯನ್ನಲ್ಲ, ಕರೆಂಟ್ ಬರುವವರೆಗೆ ಕಾಯಲಾರದ ಮೋಟಾರನ್ನು. ಅಂಥ ಮೋಟಾರೇ ಇಲ್ಲದ ಮನೆಗೆ ಯುಪಿಎಸ್ ಸಾಕು. ‘ತರೋದೇ ಆದ್ರೆ ಇಡೀ ಮನೆ ನಡೆಯೋ ಅಂಥದ್ದನ್ನೇ ತನ್ನಿ’ ಎಂಬ ಸಲಹೆ ಈ ಲೆಕ್ಕವನ್ನೇ ಮರೆತದ್ದು.

ನಾಲ್ಕು ಎಲ್‌ಇಡಿ ಬಲ್ಬು, ಎರಡು ಫ್ಯಾನು ಸೇರಿ 200 ವ್ಯಾಟ್ ದಾಟದು. 150 ಎಎಚ್ ಬ್ಯಾಟರಿ ಅದನ್ನು ಐದಾರು ಗಂಟೆ ನಡೆಸುತ್ತದೆ. ಸಣ್ಣ ಪೆಟ್ರೋಲ್ ಜನರೇಟರಾದರೋ ಲೀಟರಿಗೆ ಹೆಚ್ಚೆಂದರೆ ಎರಡು ಯೂನಿಟ್ ಕೊಟ್ಟೀತು. ಪೆಟ್ರೋಲ್ ನೂರು ದಾಟಿರುವಾಗ ಯೂನಿಟ್ಟಿಗೆ 50 ರೂಪಾಯಿಗೂ ಮೇಲೆ. 2023ರ ಗೃಹಜ್ಯೋತಿ ಉಚಿತ ವಿದ್ಯುತ್ ಯೋಜನೆಯಿಂದ ಸೊನ್ನೆ ಬಿಲ್ಲಿಗೆ ಒಗ್ಗಿದ ಮನೆಗೆ ಇದರ ಬಿಸಿ ಬೇಗ ತಟ್ಟುತ್ತದೆ.

ಚನ್ನಗಿರಿಯ ಅಡಿಕೆ ಬೆಳೆಗಾರರ ಮಾತು ಬೇರೆ. ಗೊನೆ ಕೊಯ್ದು ಅಂಗಳಕ್ಕೆ ಹಾಕಿದ ಮೇಲೆ ಸುಲಿತ ಕಾಯುವುದಿಲ್ಲ. ಹಸಿ ಅಡಿಕೆ ರಾಶಿಯಲ್ಲೇ ಬಾಡಿದರೆ ಬಣ್ಣ ಕೆಡುತ್ತದೆ, ಬಣ್ಣ ಕೆಟ್ಟರೆ ದರವೂ ಇಳಿಯುತ್ತದೆ. ಹಂಡೆಯಲ್ಲಿ ಅಡಿಕೆ ಬೇಯಿಸುವ ಚೊಗರು ಕುದಿಯುತ್ತಿದೆ, ಸುಲಿಯುವ ಯಂತ್ರದ ಬೆಲ್ಟು ನಿಂತಿದೆ, ಕೂಲಿಯವರು ಕೈಕಟ್ಟಿ ಕೂತಿದ್ದಾರೆ. ಆಗ ಐವತ್ತು ರೂಪಾಯಿಯ ಯೂನಿಟ್ಟೂ ಅಗ್ಗವೇ. ಆದರೆ ‘1 ಎಚ್‌ಪಿ ಅಂದ್ರೆ 746 ವ್ಯಾಟ್ ತಾನೇ’ ಎಂದು 1 ಕೆವಿಎ ತಂದವರು ಎಡವುವುದು ಇಲ್ಲೇ. ಸುಲಿಯುವ ಯಂತ್ರದ ಆ 1 ಎಚ್‌ಪಿ ಮೋಟಾರ್ ಓಡುವಾಗಲೇ ಸುಮಾರು 1,000 ವ್ಯಾಟ್ ಎಳೆಯುತ್ತದೆ, ಸ್ಟಾರ್ಟ್ ಆಗುವ ಕ್ಷಣದಲ್ಲಿ ಅದರ ಕೆಲವು ಪಟ್ಟು. 3 ಕೆವಿಎಗಿಂತ ಕಡಿಮೆಯಾದರೆ ಕಷ್ಟ. ಅದೂ ‘ಮ್ಯಾಕ್ಸ್’ ಎಂದು ದಪ್ಪಕ್ಷರದಲ್ಲಿ ಬರೆದದ್ದಲ್ಲ, ಪಕ್ಕದಲ್ಲಿ ಸಣ್ಣದಾಗಿ ‘ರೇಟೆಡ್’ ಎಂದಿರುವುದು.

ಜಗಳೂರಿನ ಕಡೆಯ ಆಳದ ಕೊಳವೆಬಾವಿಯ 7.5 ಎಚ್‌ಪಿ ತ್ರೀ ಫೇಸ್ ಮೋಟಾರನ್ನು ಇಂಥ ಸಿಂಗಲ್ ಫೇಸ್ ಜನರೇಟರ್ ಅಲುಗಿಸಲೂ ಆರದು. ಕರೆಂಟಿದ್ದಾಗ ತುಂಬಿಟ್ಟ ತೊಟ್ಟಿಯೇ ಅಲ್ಲಿ ಬ್ಯಾಕಪ್.

ಹೊನ್ನಾಳಿ, ನ್ಯಾಮತಿ ಕಡೆಯಿಂದ ಬರಬಹುದಾದ ಆಕ್ಷೇಪಕ್ಕೆ ತೂಕವಿದೆ. ಗಾಳಿಮಳೆಗೆ ಮರ ಬಿದ್ದು ಕಂಬ ಮುರಿದರೆ ಕರೆಂಟ್ ಮರುದಿನವೂ ಬಾರದಿರಬಹುದು; ಬ್ಯಾಟರಿ ಇಳಿದ ಯುಪಿಎಸ್ ಬರೀ ಡಬ್ಬಿ. ನಿಜ. ಆದರೂ ಫ್ರಿಜ್ಜು, ಅರ್ಧ ಎಚ್‌ಪಿ ಪಂಪು ಇವನ್ನು ಒಂದಾದ ಮೇಲೊಂದು ಹಾಕಿಕೊಂಡರೆ 2 ಕೆವಿಎಯಲ್ಲಿ ಸುಧಾರಿಸಬಹುದು. ಪಕ್ಕದ ಮನೆಯವರು ಐದರದ್ದು ತಂದಿದ್ದಾರೆಂಬುದು ವಾದವೇ ಅಲ್ಲ.

ಯಾವುದನ್ನು ತಂದರೂ ಚೇಂಜ್‌ಓವರ್ ಸ್ವಿಚ್ ಇರಲೇಬೇಕು. ಅದಿಲ್ಲದೆ, ಎರಡೂ ಕಡೆ ಪಿನ್ನಿರುವ ವೈರಿನಿಂದ ಜನರೇಟರನ್ನು ಗೋಡೆಯ ಸಾಕೆಟ್ಟಿಗೆ ಸಿಕ್ಕಿಸಿದರೆ ಕರೆಂಟ್ ಹಿಂದಕ್ಕೆ ಹರಿದು, ಟ್ರಾನ್ಸ್‌ಫಾರ್ಮರಿನಲ್ಲಿ ಸಾವಿರಾರು ವೋಲ್ಟಿಗೇರಿ, ಕಂಬದ ಮೇಲಿನ ಲೈನ್‌ಮ್ಯಾನ್‌ನ ಜೀವ ತೆಗೆದೀತು. ಮಳೆ ಬಂತೆಂದು ಜನರೇಟರನ್ನು ಪಡಸಾಲೆಗೋ ಹಟ್ಟಿಗೋ ಎಳೆದುಕೊಳ್ಳುವುದೂ ಅಷ್ಟೇ ಅಪಾಯ: ಹೊಗೆಯಲ್ಲಿರುವ ಕಾರ್ಬನ್ ಮೊನಾಕ್ಸೈಡಿಗೆ ವಾಸನೆಯಿಲ್ಲ. ಅದರ ಜಾಗ ಹೊರಗೆ, ಕಿಟಕಿ ಬಾಗಿಲಿಂದ ಇಪ್ಪತ್ತು ಅಡಿಯಾದರೂ ಆಚೆ, ಮೇಲೊಂದು ತಗಡಿನ ಮರೆಯಡಿ.